ಊಟದ ಮೇಜಿನ ಮೇಲೆ ಮಳೆ: ಸಿರಿವಂತರನ್ನು ಗೇಲಿ ಮಾಡುವ ಅತಿವಾಸ್ತವ ಸಿನಿಮಾ ಹೇಗೆ ಕೆಲಸ ಮಾಡುತ್ತದೆ

ಸಿರಿವಂತರ ಔತಣ, ಸಿರಿವಂತರ ಹಡಗು, ಸಿರಿವಂತರ ಬಂಗಲೆ. ಈಚಿನ ವರ್ಷಗಳಲ್ಲಿ ಪ್ರಶಸ್ತಿ ಬಾಚಿದ ಎಷ್ಟೋ ಚಿತ್ರಗಳು ಇವುಗಳ ಸುತ್ತಲೇ ಇವೆ. 2019ರಲ್ಲಿ ಕೊರಿಯಾದ 'ಪ್ಯಾರಸೈಟ್', 2022ರಲ್ಲಿ 'ಟ್ರಯಾಂಗಲ್ ಆಫ್ ಸ್ಯಾಡ್‌ನೆಸ್' ಕಾನ್ ಚಿತ್ರೋತ್ಸವದ ಅತಿ ದೊಡ್ಡ ಪ್ರಶಸ್ತಿ ಪಾಮ್ ದೋರ್ ಗೆದ್ದವು. ಇವನ್ನು ಫೋನಿನಲ್ಲಿ ನೋಡಿ, ನಾವೂ ಇಂಥದ್ದೊಂದು ಕಿರುಚಿತ್ರ ಮಾಡೋಣ ಎಂದು ಹೊರಡುವವರಿಗೆ ಹಾಸನ, ಚಿಕ್ಕಮಗಳೂರು ಕಡೆ ಜಾಗಕ್ಕೇನೂ ಬರವಿಲ್ಲ. ಸಕಲೇಶಪುರದಿಂದ ಮೂಡಿಗೆರೆವರೆಗೆ ದಿಣ್ಣೆಗೊಂದು ಹಳೆ ಬಂಗಲೆ ಸಿಗುತ್ತದೆ. ತೊಡಕಿರುವುದು ವಿಮರ್ಶೆಗಳಲ್ಲಿ ಪದೇ ಪದೇ ಬರುವ 'ಸರ್ರಿಯಲ್' (ಅಂದರೆ ಅತಿವಾಸ್ತವ), 'ಬುನುಯೆಲ್ ಥರ' (ಸ್ಪೇನಿನ ಚಿತ್ರ ನಿರ್ದೇಶಕ ಲೂಯಿಸ್ ಬುನುಯೆಲ್) ಎಂಬ ಮಾತುಗಳಲ್ಲಿ. ಅದೇನೆಂದು ಯಾರೂ ಬಿಡಿಸಿ ಹೇಳದ್ದರಿಂದ ಹೊಗೆ ಬಿಟ್ಟು, ಕನ್ನಡಿ ಒಡೆದು, ಬಿಳಿ ಸೀರೆ ಉಟ್ಟವಳನ್ನು ಕಾಫಿ ಗಿಡಗಳ ನಡುವೆ ಓಡಿಸಿ ಮುಗಿಸುತ್ತಾರೆ. ಅಲ್ಲಿಗೆ ಅದು ದೆವ್ವದ ಸಿನಿಮಾ ಆಯಿತು.

ಈ ಬಗೆಯ ಚಿತ್ರಕ್ಕೆ ತನ್ನದೇ ಆದ ಬಿಗಿಯಾದ ಲೆಕ್ಕಾಚಾರವಿದೆ. ಅದನ್ನು ಬಿಚ್ಚಿ ನೋಡಬಹುದು, ಜೋಡಿಸಲೂಬಹುದು.

ಬರೀ ಗೇಲಿಗೂ ಇದಕ್ಕೂ ಏನು ವ್ಯತ್ಯಾಸ

ಗೇಲಿ ಅಥವಾ ವಿಡಂಬನೆ ನಮಗೆ ಹೊಸದಲ್ಲ. ತೇಜಸ್ವಿಯವರ 'ಚಿದಂಬರ ರಹಸ್ಯ'ದ ಕೆಸರೂರಿನಲ್ಲಿ ಏಲಕ್ಕಿ ಬೆಳೆಗಾರರು, ಪುಢಾರಿಗಳು, ಕ್ರಾಂತಿ ಮಾಡಹೊರಟ ಹುಡುಗರು ಎಲ್ಲರೂ ನಗೆಗೆ ಸಿಗುತ್ತಾರೆ. ಆದರೆ ಅಲ್ಲಿ ನಡೆಯುವುದೆಲ್ಲ ನಡೆಯಬಹುದಾದದ್ದೇ. 'ಪ್ಯಾರಸೈಟ್' ಕೂಡ ಹಾಗೆಯೇ. ನೆಲಮಾಳಿಗೆಯಲ್ಲಿ ಒಬ್ಬ ಅಡಗಿ ಕೂತಿರುವುದು ವಿಚಿತ್ರವಾದರೂ ಅಸಾಧ್ಯವಲ್ಲ.

ಅತಿವಾಸ್ತವ ಸಿನಿಮಾದಲ್ಲಿ ಅಸಾಧ್ಯವಾದದ್ದೇ ನಡೆಯುತ್ತದೆ, ಕಾರಣ ಮಾತ್ರ ಸಿಗುವುದಿಲ್ಲ. ಬಾಗಿಲು ತೆರೆದಿದೆ, ಯಾರೂ ತಡೆದಿಲ್ಲ, ಆದರೂ ಕೋಣೆಯಿಂದ ಹೊರಗೆ ಹೋಗಲು ಯಾರಿಗೂ ಆಗುತ್ತಿಲ್ಲ. ಮಂತ್ರವಿಲ್ಲ, ಶಾಪವಿಲ್ಲ, ಕೊನೆಯಲ್ಲಿ ಬಂದು ವಿವರಿಸುವ ಡಾಕ್ಟರೂ ಇಲ್ಲ.

ಈ ಅತಿವಾಸ್ತವ ಪಂಥ ರೂಪ ತಳೆದದ್ದು ಪ್ಯಾರಿಸ್ಸಿನಲ್ಲಿ. 1924ರಲ್ಲಿ ಕವಿ ಆಂದ್ರೆ ಬ್ರೆತೋನ್ ಅದರ ಪ್ರಣಾಳಿಕೆ ಬರೆದ. ಮೊದಲ ಮಹಾಯುದ್ಧ ಮುಗಿದು ಆರು ವರ್ಷವಾಗಿತ್ತು. ತರ್ಕ, ಶಿಸ್ತು, ದೇಶ, ಧರ್ಮ, ಮನೆತನದ ಮರ್ಯಾದೆ ಎಂದು ದೊಡ್ಡ ಮನುಷ್ಯರು ಹೇಳಿಕೊಟ್ಟ ವ್ಯವಸ್ಥೆಯೇ ಲಕ್ಷಾಂತರ ಜನರನ್ನು ಕಂದಕಗಳಲ್ಲಿ ಕೊಂದಿತು ಎಂಬ ಸಿಟ್ಟು ಆ ತಲೆಮಾರಿನ ಬರಹಗಾರರಲ್ಲಿತ್ತು. ಹಾಗಾದರೆ ತರ್ಕವನ್ನು ನಂಬುವುದೇಕೆ, ಕನಸನ್ನು ನಂಬೋಣ ಎಂದರು. ಮನಸ್ಸಿನ ಅಡಿಯಲ್ಲಿ ಅದುಮಿಟ್ಟ ಆಸೆಗಳು ಕನಸಿನಲ್ಲಿ ಮೇಲೆದ್ದು ಬರುತ್ತವೆ ಎಂದಿದ್ದ ಫ್ರಾಯ್ಡ್ ಅವರಿಗೆ ಗುರುವಿನಂತಾದ.

ಮೇಲ್ವರ್ಗವೇ ಗುರಿಯಾದದ್ದು ಏಕೆಂಬುದಕ್ಕೂ ಉತ್ತರ ಇಲ್ಲಿಯೇ ಇದೆ. ಆಸೆಗಳನ್ನು ಅತಿ ಅಂದವಾಗಿ ಅದುಮಿಡುವವರು ಯಾರು? ಯಾವ ಚಮಚ ಯಾವಾಗ ಎತ್ತಬೇಕು, ಯಾರನ್ನು ಯಾರ ಪಕ್ಕ ಕೂರಿಸಬೇಕು, ಯಾವ ಮಾತು ಊಟದ ಮೇಜಿಗೆ ಬರಬಾರದು ಎಂಬ ನೂರು ಕಟ್ಟಳೆ ಕಟ್ಟಿಕೊಂಡವರು. ಮುಚ್ಚಳ ಎಷ್ಟು ಬಿಗಿಯೋ ಅದನ್ನು ಎತ್ತುವುದರಲ್ಲಿ ಅಷ್ಟು ಮಜಾ.

ಲೂಯಿಸ್ ಬುನುಯೆಲ್

ಹುಟ್ಟಿದ್ದು 1900ರಲ್ಲಿ, ಸ್ಪೇನಿನ ಅರಗಾನ್ ಪ್ರಾಂತ್ಯದ ಕಲಾಂದಾ ಎಂಬ ಊರಿನಲ್ಲಿ. ಅಪ್ಪ ಕ್ಯೂಬಾದಲ್ಲಿ ವ್ಯಾಪಾರ ಮಾಡಿ ದುಡ್ಡು ಕಟ್ಟಿಕೊಂಡು ಬಂದ ಜಮೀನುದಾರ. ಓದು ಜೆಸ್ಯೂಟ್ ಪಾದ್ರಿಗಳ ಶಾಲೆಯಲ್ಲಿ, ಆಮೇಲೆ ಮ್ಯಾಡ್ರಿಡ್ಡಿನಲ್ಲಿ. ಅಲ್ಲಿ ಜೊತೆಯಾದವರು ಕವಿ ಲೋರ್ಕಾ, ಚಿತ್ರಕಾರ ಸಾಲ್ವಡಾರ್ ಡಾಲಿ. ತಾನು ಗೇಲಿ ಮಾಡಿದ ಮನೆಗಳ ಒಳಗಿನಿಂದಲೇ ಬಂದವನು ಎಂಬುದನ್ನು ನೆನಪಿಡಬೇಕು. ಬೇಲಿಯಾಚೆ ನಿಂತು ಕಲ್ಲು ಹೊಡೆದವನಿಗೆ ಊಟದ ಮೇಜಿನ ಇಷ್ಟು ವಿವರ ಸಿಗುವುದಿಲ್ಲ.

1929ರಲ್ಲಿ ಡಾಲಿಯ ಜೊತೆ ಸೇರಿ ಅಮ್ಮನ ದುಡ್ಡಿನಲ್ಲಿ 'ಅನ್ ಶಿಯಾನ್ ಅಂದಲು' ಎಂಬ ಕಿರುಚಿತ್ರ ಮಾಡಿದ. ಬರೆಯುವಾಗ ಇಬ್ಬರೂ ಇಟ್ಟುಕೊಂಡ ನಿಯಮ ಒಂದೇ: ತರ್ಕದಿಂದ ವಿವರಿಸಬಹುದಾದ ಯಾವ ಚಿತ್ರವನ್ನೂ ಒಳಗೆ ಬಿಡಬಾರದು. ಆರಂಭದಲ್ಲೇ ಕ್ಷೌರದ ಕತ್ತಿ ಹೆಂಗಸಿನ ಕಣ್ಣನ್ನು ಸೀಳುತ್ತದೆ (ಸೀಳಿದ್ದು ಸತ್ತ ಕರುವಿನ ಕಣ್ಣು). ಸ್ಪೇನಿನ ಅಂತರ್ಯುದ್ಧದ ಕಾಲದಲ್ಲಿ ಅಮೆರಿಕ, 1946ರಲ್ಲಿ ಮೆಕ್ಸಿಕೊ, 1949ರಲ್ಲಿ ಅಲ್ಲಿನ ಪೌರತ್ವ. ಕೊನೆಯ ಚಿತ್ರ 1977ರದ್ದು, ತೀರಿಕೊಂಡದ್ದು 1983ರಲ್ಲಿ ಮೆಕ್ಸಿಕೊ ನಗರದಲ್ಲಿ.

ಮೂರು ಔತಣಗಳು

ಬುನುಯೆಲ್‌ನ ವಿಧಾನ ಬಲಿತು ಬಂದದ್ದನ್ನು ಮೂರು ಚಿತ್ರಗಳ ಮೂರು ಔತಣಗಳಲ್ಲಿ ಕಾಣಬಹುದು.

ಮೊದಲನೆಯದು 1930ರ 'ಲಾಜ್ ದೋರ್'. ದುಡ್ಡು ಹಾಕಿದವನು ಫ್ರಾನ್ಸಿನ ಶ್ರೀಮಂತ ಮನೆತನದ ಶಾರ್ಲ್ ದ ನೊಆಯ್. ಚಿತ್ರದಲ್ಲಿ ದೊಡ್ಡ ಮಹಲಿನ ಔತಣ ನಡೆಯುತ್ತಿರುತ್ತದೆ. ಆಳುಗಳು ಕೂತ ಕುದುರೆ ಗಾಡಿಯೊಂದು ದಿವಾನಖಾನೆಯ ನಡುವೆಯೇ ಹಾದುಹೋದರೂ ಯಾರೂ ತಿರುಗಿ ನೋಡುವುದಿಲ್ಲ. ಅಡುಗೆಮನೆಗೆ ಬೆಂಕಿ ಹತ್ತಿ ಕೆಲಸದವಳು ಹೊರಗೆ ಬಂದು ಬೀಳುತ್ತಾಳೆ, ಯಾರೂ ನೋಡುವುದಿಲ್ಲ. ತೋಟ ಕಾಯುವವನು ತನ್ನ ಮಗನನ್ನೇ ಗುಂಡಿಟ್ಟು ಕೊಲ್ಲುತ್ತಾನೆ. ಅತಿಥಿಗಳು ಉಪ್ಪರಿಗೆಗೆ ಬಂದು ಇಣುಕಿ ಒಳಗೆ ಹೋಗುತ್ತಾರೆ. ಆಮೇಲೆ ಒಬ್ಬ ಮನೆಯೊಡತಿಯ ಕೆನ್ನೆಗೆ ಹೊಡೆಯುತ್ತಾನೆ. ಆಗ ಇಡೀ ಸಭೆ ಹೌಹಾರುತ್ತದೆ.

ಈ ನಾಲ್ಕು ಘಟನೆಗಳ ಕ್ರಮವನ್ನು ನಿಧಾನವಾಗಿ ಗಮನಿಸಿ. ಮೊದಲ ಮೂರಕ್ಕೆ ಪ್ರತಿಕ್ರಿಯೆ ಸೊನ್ನೆಯಾಗಿರುವುದರಿಂದ ನಾಲ್ಕನೆಯದರ ಗದ್ದಲ ಅಸಹ್ಯವಾಗಿ ಕಾಣುತ್ತದೆ. ಭಾಷಣವಿಲ್ಲದೆ, ಬರೀ ಜೋಡಣೆಯಿಂದ ಒಂದು ವರ್ಗದ ಲೆಕ್ಕಪತ್ರ ಹೊರಬಿತ್ತು. ಚಿತ್ರ ಬಿಡುಗಡೆಯಾದ ಮೇಲೆ 1930ರ ಡಿಸೆಂಬರ್ 3ರಂದು ಬಲಪಂಥೀಯ ಗುಂಪುಗಳು ಪ್ಯಾರಿಸ್ಸಿನ ಸ್ಟುಡಿಯೊ 28 ಚಿತ್ರಮಂದಿರಕ್ಕೆ ನುಗ್ಗಿ ಪರದೆಗೆ ಮಸಿ ಎರಚಿದವು. ಕೆಲವೇ ದಿನಗಳಲ್ಲಿ ನಿಷೇಧ ಬಂತು, ಅದು ಸುಮಾರು 50 ವರ್ಷ ನಡೆಯಿತು.

ಎರಡನೆಯದು 1962ರ 'ದಿ ಎಕ್ಸ್‌ಟರ್ಮಿನೇಟಿಂಗ್ ಏಂಜೆಲ್', ಮೆಕ್ಸಿಕೊದಲ್ಲಿ ಮಾಡಿದ್ದು. ಸಂಗೀತ ನಾಟಕ ಮುಗಿಸಿ ಅತಿಥಿಗಳು ನೊಬಿಲೆ ಎಂಬ ಸಾಹುಕಾರನ ಮನೆಗೆ ಊಟಕ್ಕೆ ಬರುತ್ತಾರೆ. ಅದಕ್ಕೆ ಮೊದಲೇ ಅಡುಗೆಯವರು, ಕೆಲಸದವರು ಏನೇನೋ ನೆಪ ಹೇಳಿ ಒಬ್ಬೊಬ್ಬರಾಗಿ ಜಾಗ ಖಾಲಿ ಮಾಡಿರುತ್ತಾರೆ. ಊಟ, ಪಿಯಾನೊ ಎಲ್ಲ ಮುಗಿದ ಮೇಲೂ ಯಾರೂ ಹೊರಡುವುದಿಲ್ಲ. ಕೋಟು ಬಿಚ್ಚಿ ಸೋಫಾ, ನೆಲ ಎಂದು ಸಿಕ್ಕಲ್ಲಿ ಮಲಗುತ್ತಾರೆ. ಬೆಳಿಗ್ಗೆ ನೋಡಿದರೆ ಆ ಕೋಣೆಯ ಹೊಸಿಲು ದಾಟಲು ಯಾರಿಗೂ ಆಗುತ್ತಿಲ್ಲ.

ಇಲ್ಲಿಂದ ಮುಂದೆ ಬುನುಯೆಲ್ ತೋರಿಸುವುದು ಮರ್ಯಾದೆ ಯಾವ ಮೆಟ್ಟಿಲಲ್ಲಿ ಇಳಿಯುತ್ತದೆ ಎಂಬುದನ್ನು. ಕೋಟು ಬಿಚ್ಚಿದ್ದು ಮೊದಲ ಮೆಟ್ಟಿಲು. ಆಮೇಲೆ ಹೂದಾನಿ ಇಟ್ಟಿದ್ದ ಬೀರು ಶೌಚದ ಜಾಗವಾಗುತ್ತದೆ. ನೀರಿಗೆ ಗೋಡೆ ಒಡೆದು ಪೈಪು ಹುಡುಕುತ್ತಾರೆ. ಮನೆಯೊಡತಿ ತಮಾಷೆಗೆಂದು ತರಿಸಿಟ್ಟಿದ್ದ ಕುರಿಗಳು ಕೋಣೆಗೆ ಬಂದಾಗ ಅವನ್ನು ಕಡಿದು, ಮರದ ಸಾಮಾನು ಒಡೆದು ಬೆಂಕಿ ಹಾಕಿ ಸುಟ್ಟು ತಿನ್ನುತ್ತಾರೆ. ಕೊನೆಗೆ ಊಟಕ್ಕೆ ಕರೆದ ನೊಬಿಲೆಯನ್ನೇ ಬಲಿ ಕೊಡೋಣ ಎಂಬಲ್ಲಿಗೆ ಬರುತ್ತಾರೆ. ಬಿಡುಗಡೆಯೂ ಅಷ್ಟೇ ಅಸಂಬದ್ಧ. ಎಲ್ಲರೂ ಆ ಮೊದಲ ರಾತ್ರಿ ಕೂತಿದ್ದ ಜಾಗದಲ್ಲೇ ಕೂತಿದ್ದೇವೆ ಎಂದು ಒಬ್ಬಳು ಗಮನಿಸುತ್ತಾಳೆ; ಅಂದಿನ ಮಾತುಗಳನ್ನೇ ಮತ್ತೆ ಆಡಿ ಹೊರಗೆ ಬರುತ್ತಾರೆ. ಕೃತಜ್ಞತೆ ಸಲ್ಲಿಸಲು ಚರ್ಚಿಗೆ ಹೋದರೆ ಅಲ್ಲಿ ಮತ್ತೆ ಸಿಕ್ಕಿಬೀಳುತ್ತಾರೆ.

ಚಿತ್ರದ ಆರಂಭದಲ್ಲಿ ಅತಿಥಿಗಳು ಮನೆಯೊಳಗೆ ಬರುವ ದೃಶ್ಯ ಎರಡು ಸಲ ಬರುತ್ತದೆ. ಅದನ್ನು ಕಂಡ ಛಾಯಾಗ್ರಾಹಕ ಗೇಬ್ರಿಯೆಲ್ ಫಿಗೆರೋವಾ ಸಂಕಲನದಲ್ಲಿ ತಪ್ಪಾಗಿದೆ ಎಂದು ಗಾಬರಿಯಾದನೆಂದು ಬುನುಯೆಲ್ ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾನೆ. ಸಾಹುಕಾರನ ಬದುಕೇ ಅಂಥದ್ದು ಎಂಬ ಮಾತು ಆ ಪುನರಾವರ್ತನೆಯಲ್ಲಿದೆ. ಅದೇ ಶುಭಾಶಯ, ಅದೇ ಪರಿಚಯ, ಅದೇ ನಗು. ನಮ್ಮ ಕಡೆ ಮದುವೆ ಹಾಲಿನ ಬಾಗಿಲಲ್ಲಿ ಕೈಮುಗಿದು ನಿಂತವರನ್ನು ಅರ್ಧ ಗಂಟೆ ನೋಡಿದವರಿಗೆ ಇದನ್ನು ವಿವರಿಸಬೇಕಿಲ್ಲ.

ಮೂರನೆಯದು 1972ರ 'ದಿ ಡಿಸ್ಕ್ರೀಟ್ ಚಾರ್ಮ್ ಆಫ್ ದಿ ಬೂರ್ಜ್ವಾಸಿ'. ಮುಂದಿನ ವರ್ಷ ವಿದೇಶಿ ಭಾಷಾ ಚಿತ್ರಕ್ಕೆ ಕೊಡುವ ಆಸ್ಕರ್ ಇದಕ್ಕೆ ಬಂತು. ಚಿತ್ರಕಥೆಯಲ್ಲಿ ಬುನುಯೆಲ್‌ಗೆ ಜೊತೆಯಾದವನು ಜ್ಯಾಂ ಕ್ಲೋದ್ ಕಾರಿಯೇರ್. ರಂಗನಿರ್ದೇಶಕ ಪೀಟರ್ ಬ್ರೂಕ್ 1985ರಲ್ಲಿ ಆಡಿಸಿದ ಮಹಾಭಾರತವನ್ನು ನಾಟಕವಾಗಿ ಬರೆದುಕೊಟ್ಟವನೂ ಇವನೇ. ಹಿಂದಿನ ಚಿತ್ರದಲ್ಲಿ ಊಟ ಮುಗಿದು ಹೊರಡಲಾಗದಿದ್ದರೆ, ಇಲ್ಲಿ ಆರು ಮಂದಿಗೆ ಊಟವೇ ಸಿಗುವುದಿಲ್ಲ. ಒಮ್ಮೆ ದಿನ ತಪ್ಪಿ ಬಂದಿರುತ್ತಾರೆ. ಒಮ್ಮೆ ಹೋಟೆಲಿನ ಪಕ್ಕದ ಕೋಣೆಯಲ್ಲಿ ಮಾಲೀಕನ ಹೆಣ ಮಲಗಿಸಿರುತ್ತಾರೆ. ಟೀ ಅಂಗಡಿಗೆ ಹೋದರೆ ಟೀ ಇಲ್ಲ, ಕಾಫಿ ಇಲ್ಲ, ಹಾಲಿಲ್ಲ. ಇನ್ನೊಮ್ಮೆ ತಟ್ಟೆಯಲ್ಲಿರುವ ಕೋಳಿ ಬರೀ ಬೊಂಬೆ. ಪರದೆ ಸರಿದಾಗ ತಾವು ನಾಟಕದ ರಂಗದ ಮೇಲೆ ಕೂತಿದ್ದೇವೆಂದು ತಿಳಿಯುತ್ತದೆ. ಇವರಲ್ಲೊಬ್ಬ ರಾಯಭಾರಿ. ಅವನೂ ಅವನ ಗೆಳೆಯರೂ ರಾಜತಾಂತ್ರಿಕ ಚೀಲದಲ್ಲಿ ಕೊಕೇನ್ ಸಾಗಿಸುತ್ತಾರೆ.

ಇದರಲ್ಲಿ ಚಿಕ್ಕದೊಂದು ದೃಶ್ಯವಿದೆ. ಮಾರ್ಟಿನಿ ಎಂಬ ಮದ್ಯವನ್ನು ಹೇಗೆ ಹೀರಬೇಕೆಂದು ದೊಡ್ಡವರು ಚರ್ಚಿಸುತ್ತಿರುತ್ತಾರೆ. ಕಾರಿನ ಡ್ರೈವರನ್ನು ಒಳಗೆ ಕರೆದು ಒಂದು ಲೋಟ ಕೊಡುತ್ತಾರೆ. ಅವನು ಒಂದೇ ಗುಟುಕಿಗೆ ಕುಡಿದು ನಮಸ್ಕಾರ ಹೇಳಿ ಹೋಗುತ್ತಾನೆ. ನೋಡಿದಿರಾ, ಹೀಗೆ ಕುಡಿಯಬಾರದು ಎಂದು ಪಾಠ ಮುಗಿಸುತ್ತಾರೆ. ಇಲ್ಲಿ ಅಸಾಧ್ಯವಾದದ್ದು ಏನೂ ಇಲ್ಲ. ಅತಿವಾಸ್ತವ ಚಿತ್ರದಲ್ಲೂ ಹೀಗೆ ಹತ್ತರಲ್ಲಿ ಏಳೆಂಟು ಪಾಲು ಅಪ್ಪಟ ವಾಸ್ತವವೇ ಇರಬೇಕು.

ನೋಡಲು ಶುರುಮಾಡುವವರು ಈ ಮೂರನೆಯದರಿಂದ ಆರಂಭಿಸಿ ಹಿಂದಕ್ಕೆ ಹೋಗುವುದು ಸುಲಭ. 'ಲಾಜ್ ದೋರ್' ಸುಮಾರು ಒಂದು ಗಂಟೆಯದಾದರೂ ಮೂರರಲ್ಲಿ ಅದೇ ಕಠಿಣ.

ಒಳಗಿನ ಕೀಲುಗಳು

ಮೂರರಲ್ಲೂ ಮುಖ್ಯ ಕೀಲು ಒಂದೇ: ಲೋಕದ ಒಂದು ನಿಯಮ ಮುರಿಯುತ್ತದೆ, ಶಿಷ್ಟಾಚಾರ ಮುರಿಯುವುದಿಲ್ಲ. ನಗು ಹುಟ್ಟುವುದು ವಿಚಿತ್ರ ಘಟನೆಯಿಂದ ಎಂದುಕೊಂಡವರು ಇಲ್ಲಿಯೇ ಎಡವುತ್ತಾರೆ. ಗಾಡಿ ದಿವಾನಖಾನೆಗೆ ಬಂದದ್ದಕ್ಕಿಂತ ಅದನ್ನು ಯಾರೂ ನೋಡದಿದ್ದುದೇ ನಗೆಯ ಮೂಲ.

ಮುರಿಯುವ ನಿಯಮ ಒಂದೇ ಇರಬೇಕು. ಹೊರಗೆ ಹೋಗಲಾಗುವುದಿಲ್ಲ ಎಂಬುದರ ಜೊತೆಗೆ ಗಡಿಯಾರ ಹಿಂದಕ್ಕೆ ಓಡುತ್ತದೆ, ಗೋಡೆಯ ಪಟ ಮಾತಾಡುತ್ತದೆ ಎಂದು ಸೇರಿಸಿದರೆ ಇಲ್ಲಿ ಏನು ಬೇಕಾದರೂ ಆಗಬಹುದು ಎಂದು ನೋಡುಗ ಕೈಚೆಲ್ಲುತ್ತಾನೆ. ಏನು ಬೇಕಾದರೂ ಆಗಬಹುದಾದ ಕಡೆ ಯಾವುದೂ ಆಶ್ಚರ್ಯವಲ್ಲ.

ಕ್ಯಾಮೆರಾ ಸಪ್ಪೆಯಾಗಿರಬೇಕು. ಕಣ್ಣಿನ ಮಟ್ಟದಲ್ಲಿ ಇಟ್ಟು, ಸಾಧಾರಣ ಬೆಳಕಿನಲ್ಲಿ, ಮಧ್ಯಮ ದೂರದಿಂದ ಹಿಡಿಯುವುದು. ಓರೆ ಕೋನ, ಮಂಜು ಮಂಜಾದ ಲೆನ್ಸ್, ನಿಧಾನಗತಿ ಇವು 'ಇದು ಕನಸು' ಎಂದು ಚೀಟಿ ಅಂಟಿಸಿಬಿಡುತ್ತವೆ. 1972ರ ಚಿತ್ರದಲ್ಲಿ ಕನಸುಗಳಿವೆ, ಕನಸಿನೊಳಗೆ ಕನಸೂ ಇದೆ. ಆದರೆ ಅವು ಎಚ್ಚರದ ದೃಶ್ಯದ ಹಾಗೆಯೇ ಕಾಣುತ್ತವೆ, ಪಾತ್ರ ಬೆಚ್ಚಿ ಎದ್ದ ಮೇಲಷ್ಟೇ ನಮಗೆ ತಿಳಿಯುತ್ತದೆ. ಹಿನ್ನೆಲೆ ಸಂಗೀತವೂ ಇಲ್ಲ. ಯಾವಾಗ ನಗಬೇಕು, ಯಾವಾಗ ಹೆದರಬೇಕು ಎಂದು ವಯಲಿನ್ ಹೇಳಿಕೊಡುವ ಚಿತ್ರದಲ್ಲಿ ಈ ಆಟ ನಡೆಯುವುದಿಲ್ಲ.

ಇನ್ನುಳಿದದ್ದು ಆಳುಗಳ ಜಾಗ. ಬುನುಯೆಲ್ ಅವರನ್ನು ದೇವತೆಗಳನ್ನಾಗಿ ಮಾಡುವುದಿಲ್ಲ. 1962ರ ಚಿತ್ರದಲ್ಲಿ ಅವರು ಸುಮ್ಮನೆ ಹೊರಟುಹೋಗುತ್ತಾರೆ, ಏಕೆಂದು ಅವರಿಗೇ ಗೊತ್ತಿಲ್ಲ. 1972ರದರಲ್ಲಿ ಎಳೆಯ ಹುಡುಗಿಯಂತೆ ಕಾಣುವ ಮನೆಗೆಲಸದವಳು ತನಗೆ 52 ವರ್ಷ ಎನ್ನುತ್ತಾಳೆ. ಕೇಳಿಸಿಕೊಂಡವರು ಊಟದ ಮಾತು ಮುಂದುವರಿಸುತ್ತಾರೆ.

ಬಂಗಲೆಯೊಂದರಲ್ಲಿ ಜೋಡಿಸಿ ನೋಡುವುದಾದರೆ

ಕಥೆ ಇಷ್ಟು. ಸಕಲೇಶಪುರದ ಕಡೆಯ ಒಂದು ತೋಟದ ಬಂಗಲೆ, ಮಾರ್ಚ್ ತಿಂಗಳು, ರಾತ್ರಿ ಊಟಕ್ಕೆ ಎಂಟು ಜನ ಬೆಳೆಗಾರರು. ಮೇಜಿನ ಮೇಲೆ ಮಾತ್ರ ಮಳೆ ಸುರಿಯುತ್ತಿದೆ. ಯಾರೂ ಅದರ ಸುದ್ದಿ ಎತ್ತುವುದಿಲ್ಲ. ಅವರ ಮಾತೆಲ್ಲ ಕಾಫಿ ಹೂ ಅರಳಿಸುವ ಹೂಮಳೆಯದು, ಅದು ಬಿದ್ದ ಎರಡು ಮೂರು ವಾರಕ್ಕೆ ಕಾಯಿ ಕಚ್ಚಲು ಬರಬೇಕಾದ ಬ್ಯಾಕಿಂಗ್ ಮಳೆಯದು. ಅವರು ಮಳೆ ಅಳೆಯುವುದು ಸೆಂಟಿನಲ್ಲಿ, ನೂರು ಸೆಂಟ್ ಎಂದರೆ ಒಂದು ಇಂಚು.

"ನಿಮ್ಮಲ್ಲಿ ಎಷ್ಟಾಯ್ತು?"

"ಮೊನ್ನೆ ಎಂಬತ್ತು ಸೆಂಟ್ ಆಯ್ತು. ಬ್ಯಾಕಿಂಗ್ ಬಂದ್ರೆ ಬಚಾವು."

"ನಮ್ಗೆ ಒಂದ್ ಹನಿ ಇಲ್ಲ ಕಣ್ರೀ."

ಕೊನೆಯ ಮಾತು ಆಡುವವನ ಮೂಗಿನ ತುದಿಯಿಂದ ನೀರು ತೊಟ್ಟಿಕ್ಕುತ್ತಿರಬೇಕು. ಬಡಿಸುವ ಹೆಂಗಸು ಗೊರಬು (ಎಲೆಯಿಂದ ಹೆಣೆದ ಮಳೆಗೊಪ್ಪೆ) ಹಾಕಿಕೊಂಡೇ ಬರುತ್ತಾಳೆ. ಗೊರಬು ಸಿಗದಿದ್ದರೆ ಈಗ ಎಲ್ಲರೂ ಹಾಕುವ ಪ್ಲಾಸ್ಟಿಕ್ ಕೊಪ್ಪೆ ಸಾಕು, ಅದೇ ಇನ್ನೂ ನಿಜ. ಆಕೆಯೂ ಮಳೆಯ ಬಗ್ಗೆ ಚಕಾರ ಎತ್ತುವುದಿಲ್ಲ.

ನೀರಿನ ಏರ್ಪಾಡಿಗೆ ಅರ್ಧ ಇಂಚಿನ ಪಿವಿಸಿ ಪೈಪು ಆರಡಿಯ ನಾಲ್ಕು ತುಂಡು, ಒಂಬತ್ತು ಇಂಚಿಗೊಂದರಂತೆ ಸಾಲಾಗಿ. ಒಂದೊಂದಕ್ಕೆ ಒಂದೂವರೆ ಮಿಲಿಮೀಟರಿನ ಹತ್ತು ತೂತು. ಹಳೆ ಬಂಗಲೆಗಳ ಸೂರು ಎತ್ತರ. ಪೈಪುಗಳನ್ನು ನೆಲದಿಂದ ಒಂಬತ್ತಡಿಗೆ ತೂಗುಹಾಕಿದರೆ ಫ್ರೇಮಿಗೆ ಸಿಗುವುದಿಲ್ಲ. ಹಿಂದಿನ ದಿಣ್ಣೆಯ ಮೇಲೆ, ಪೈಪಿಗಿಂತ ಆರೇಳು ಅಡಿ ಎತ್ತರದಲ್ಲಿ 500 ಲೀಟರ್ ಟ್ಯಾಂಕ್ ಇದ್ದರೆ ಮೋಟಾರು ಬೇಡ. ನಿಮಿಷಕ್ಕೆ ಸುಮಾರು 16 ಲೀಟರ್ ಬೀಳುತ್ತದೆ. ಒಂದೂವರೆ ನಿಮಿಷದ ಟೇಕ್ ಇಪ್ಪತ್ತು ತೆಗೆಯಬಹುದು. (ಲೆಕ್ಕ ಹಾಕಿದರೆ ಮೇಜಿನ ಮೇಲೆ ಎರಡೂವರೆ ನಿಮಿಷಕ್ಕೆ ಹತ್ತಿರ ಹತ್ತಿರ ಒಂದು ಇಂಚು ಮಳೆ. ಇಂಥ ಮಳೆ ಯಾವ ತೋಟದಲ್ಲೂ ಬಿದ್ದಿರಲಾರದು.) ತೂತಿನಿಂದ ನೇರ ಬಿಟ್ಟರೆ ನೀರು ಎಳೆ ಎಳೆಯಾಗಿ ಇಳಿದು ಪೈಪು ಒಡೆದಂತೆ ಕಾಣುತ್ತದೆ. ಒಂದಡಿ ಕೆಳಗೆ ಕಿಟಕಿಗೆ ಹೊಡೆಯುವ ಸೊಳ್ಳೆ ಜಾಲರಿಯನ್ನು ಬಿಗಿದು ಕಟ್ಟಿ. ಎಳೆ ಒಡೆದು ಹನಿಯಾಗುತ್ತದೆ.

ಹನಿ ಕ್ಯಾಮೆರಾಕ್ಕೆ ಕಾಣಬೇಕಾದರೆ ಬೆಳಕು ಹಿಂದಿನಿಂದ ಬರಬೇಕು, ಹಿನ್ನೆಲೆ ಕಪ್ಪಾಗಿರಬೇಕು. ಬ್ಯಾಟರಿ ದೀಪಗಳನ್ನೇ ಬಳಸಿ, ಆ ಕೋಣೆಯ ಮೇನ್ ಸ್ವಿಚ್ ಆರಿಸಿ. ಒದ್ದೆ ನೆಲದ ಮೇಲೆ ಎಕ್ಸ್‌ಟೆನ್ಶನ್ ಬೋರ್ಡ್ ಇಟ್ಟು ಚಿತ್ರೀಕರಣ ಮಾಡುವುದು ಜೀವಕ್ಕೆ ಅಪಾಯ. ಕಾವಿ ನೆಲ ನೀರು ಬಿದ್ದರೆ ಜಾರುತ್ತದೆ, ಮರದ ನೆಲ ಉಬ್ಬುತ್ತದೆ. ಎರಡಕ್ಕೂ ಟಾರ್ಪಾಲು ಹಾಸಿ ಮೇಲೆ ಹಳೆ ಜಮಖಾನ ಹಾಕಬೇಕು.

ಎಲ್ಲ ಒಣ ದೃಶ್ಯ ಮೊದಲು. ಅತಿಥಿಗಳು ಬರುವುದು, ಜಗಲಿಯ ಮಾತು, ಕೂರುವುದು. ಒಮ್ಮೆ ಕೂದಲು ನೆನೆದರೆ ಅಂದು ಮತ್ತೆ ಒಣ ದೃಶ್ಯ ತೆಗೆಯಲಾಗುವುದಿಲ್ಲ. ಒಬ್ಬೊಬ್ಬರಿಗೆ ಎರಡು ಜೊತೆ ಒಂದೇ ಬಗೆಯ ಬಟ್ಟೆ. ಅಮ್ಮಾವ್ರಿಗೆ ನಿಜವಾದ ರೇಷ್ಮೆ ಸೀರೆ ಬೇಡ, ಬಣ್ಣ ಬಿಡುತ್ತದೆ. ರೇಷ್ಮೆಯಂತೆ ಕಾಣುವ ಸಿಂಥೆಟಿಕ್ ಸಾಕು. ಊಟಕ್ಕೆ ಕಡುಬು ಕೋಳಿಸಾರು. ಅಕ್ಕಿರೊಟ್ಟಿ ಒಂದೇ ಟೇಕಿಗೆ ಮುದ್ದೆಯಾಗುತ್ತದೆ, ಕಡುಬು ತಡೆದುಕೊಳ್ಳುತ್ತದೆ. ಸಾರು ನೀರಾಗುವುದರಿಂದ ಟೇಕಿಗೊಮ್ಮೆ ಬದಲಿಸಿ.

ನೀರು ತಣ್ಣಗಿದ್ದರೆ ನಟರು ನಡುಗುತ್ತಾರೆ, ನಡುಗಿದರೆ ದೃಶ್ಯ ಸತ್ತಿತು. ಮೈಗೆ ಮಳೆ ಗೊತ್ತಾಯಿತು ಎಂದೇ ಅದರ ಅರ್ಥ. 450 ಲೀಟರ್ ತಣ್ಣೀರಿಗೆ ಬಚ್ಚಲ ಹಂಡೆಯಿಂದ 50 ಲೀಟರ್ ಕುದಿನೀರು ಬೆರೆಸಿದರೆ ಬಿಸಿ ಸುಮಾರು ಎಂಟು ಡಿಗ್ರಿ ಏರುತ್ತದೆ. ಅಷ್ಟು ಸಾಕು.

ಮಾತು ಆಗಲೇ ರೆಕಾರ್ಡ್ ಆಗುವುದಿಲ್ಲ, ತಟ್ಟೆಗೆ ಬೀಳುವ ನೀರಿನ ಸದ್ದು ಎಲ್ಲವನ್ನೂ ನುಂಗುತ್ತದೆ. ಪ್ರತಿ ಶಾಟ್ ಮುಗಿದ ಕೂಡಲೇ ನೀರು ನಿಲ್ಲಿಸಿ, ಅದೇ ಕೋಣೆಯಲ್ಲಿ, ಅದೇ ಲಯ ನಟರ ಬಾಯಲ್ಲಿ ಇರುವಾಗಲೇ ಮಾತನ್ನು ಬೇರೆಯಾಗಿ ಹಿಡಿದುಕೊಳ್ಳಿ.

ಕೆಡುವುದು ಎಲ್ಲಿ

ಮಲೆನಾಡಿನ ನೋಡುಗನಿಗೆ ಮನೆಯೊಳಗೆ ನೀರು ಬಿದ್ದರೆ ಮೊದಲು ಹೊಳೆಯುವುದು ಹೆಂಚು ಒಡೆದಿರಬೇಕು ಎಂದು. ಆಷಾಢದಲ್ಲಿ ಚಿತ್ರೀಕರಿಸಿದರೆ ಇಡೀ ಸಿನಿಮಾ ಸೋರುವ ಮನೆಯ ಕಥೆಯಾಗುತ್ತದೆ. ಅದಕ್ಕೇ ಬೇಸಿಗೆ ಬೇಕು. ಊಟಕ್ಕೆ ಮುಂಚೆ ಒಣಗಿದ ಅಂಗಳ, ಧೂಳು ಹಿಡಿದ ಗಿಡ, ತಾರೆ ತುಂಬಿದ ಆಕಾಶ ಕಾಣಿಸಲೇಬೇಕು. ಊಟದ ನಡುವೆಯೂ ಒಮ್ಮೆ ಕಿಟಕಿಯಾಚೆ ಒಣ ಅಂಗಳ ಬಂದುಹೋಗಲಿ.

ಇನ್ನೊಂದು ಕೆಡುಕು ನಟನೆಯದು. ಹೊಸಬರು ಒದ್ದೆಯಾದೊಡನೆ ಹುಬ್ಬು ಹಾರಿಸುತ್ತಾರೆ, ಒಬ್ಬರನ್ನೊಬ್ಬರು ನೋಡಿ ಮುಗುಳ್ನಗುತ್ತಾರೆ. ತಮಾಷೆ ಮಾಡುತ್ತಿದ್ದೇವೆ ಎಂದು ಪಾತ್ರಕ್ಕೆ ಗೊತ್ತಾದರೆ ನೋಡುಗನಿಗೆ ತಮಾಷೆ ಉಳಿಯುವುದಿಲ್ಲ. ಇದಕ್ಕೆ ಮದ್ದೆಂದರೆ ಎರಡು ದಿನ ಒಣಗಿದ ಮೇಜಿನಲ್ಲೇ, ಮಳೆಯ ಮಾತೇ ಎತ್ತದೆ, ಊಟದ ದೃಶ್ಯವನ್ನು ತಾಲೀಮು ಮಾಡಿಸುವುದು. ಕೂರುವ ಕ್ರಮ, ಯಾರು ಮೊದಲು ಬಡಿಸಿಕೊಳ್ಳಬೇಕು, ಯಾರು ಯಾರನ್ನು 'ಗೌಡ್ರೇ' ಎನ್ನಬೇಕು, ಯಾರಿಗೆ ಬರೀ 'ಬನ್ನಿ ಬನ್ನಿ' ಸಾಕು ಎಂಬುದೆಲ್ಲ ಮೈಗೆ ಹತ್ತಬೇಕು. ಆ ಮೇಜಿನ ಅಂತಸ್ತು ನಿಖರವಾಗಿಲ್ಲದಿದ್ದರೆ ಮಳೆ ಎಷ್ಟು ಸುರಿದರೂ ಗೇಲಿ ಯಾರಿಗೂ ತಾಗುವುದಿಲ್ಲ.

ಮೂರನೆಯ ಕೆಡುಕು ಸಂಕೇತದ ಹುಚ್ಚು. 'ಮಳೆ ಎಂದರೆ ಕೂಲಿಯವರ ಕಣ್ಣೀರು' ಎಂದು ಬರಹಗಾರ ತಲೆಯಲ್ಲಿ ತೀರ್ಮಾನಿಸಿದ ಗಳಿಗೆಯಿಂದ ಪ್ರತಿ ಶಾಟೂ ಅದನ್ನೇ ಬೆರಳು ಮಾಡಿ ತೋರಿಸತೊಡಗುತ್ತದೆ. ನೋಡುಗನಿಗೆ ಹಾಗನ್ನಿಸಿದರೆ ಅನ್ನಿಸಲಿ, ಮಾಡುವವರ ಕೆಲಸ ಅದಲ್ಲ.

ಮುಗಿಸುವುದು ಹೇಗೆಂಬ ಚಿಂತೆ ಕೊನೆಯದು. ಕಾರಣ ಹೇಳಬಾರದು, ಯಾರೂ ಎಚ್ಚರಗೊಳ್ಳಬಾರದು. ಸಂಕಲನದಲ್ಲಿ ಎರಡು ದಾರಿ ಕೆಲಸ ಮಾಡುತ್ತವೆ. ಒಂದು, ಊಟ ಮುಗಿದು ಎಲ್ಲರೂ ಎದ್ದು ಕೈ ತೊಳೆಯಲು ನಲ್ಲಿ ತಿರುಗಿಸಿದರೆ ನೀರಿಲ್ಲ, ಮನೆಯೊಡೆಯ "ಬೇಸಿಗೆ ಅಲ್ವಾ, ಟ್ಯಾಂಕ್ ಖಾಲಿ" ಎಂದು ಕ್ಷಮೆ ಕೇಳುವುದು. ಇನ್ನೊಂದು, ಮೊದಲ ಅತಿಥಿಯ ಜೀಪು ಅಂಗಳಕ್ಕೆ ಬರುವ ಶಾಟನ್ನು ಹಾಗೆಯೇ ಮತ್ತೊಮ್ಮೆ ಹಾಕುವುದು. ಎರಡನೆಯದು ಬುನುಯೆಲ್‌ಗೆ ಹತ್ತಿರ, ಖರ್ಚೂ ಇಲ್ಲ. ಆದರೆ ಮೊದಲನೆಯದೇ ಈ ಕಥೆಗೆ ಒಗ್ಗುತ್ತದೆ, ಎಂಟು ಜನ ಒದ್ದೆ ಕೈ ಹಿಡಿದುಕೊಂಡು ನೀರಿಗೆ ಕಾಯುವ ಶಾಟ್ ಅದರಲ್ಲಿ ಸಿಗುತ್ತದೆ.